ಗುಬ್ಬಿ ಹೊಡೆದ ಹುಡುಗನೇ ರಂಗನತಿಟ್ಟು ಉಳಿಸಿದ: ಸಲೀಂ ಅಲಿ ಬದುಕು, ಸಣ್ಣ ಬೇಟೆ ಕಾನೂನಿನ ಕಥೆ

ಶ್ರೀರಂಗಪಟ್ಟಣ: ಭಾನುವಾರ ಬಂತು ಅಂದ್ರೆ ರಂಗನತಿಟ್ಟಿನ ದಾರಿಯಲ್ಲಿ ಕಾರು, ಬೈಕು, ಶಾಲಾ ಮಕ್ಕಳ ಬಸ್ಸುಗಳ ಸಾಲು. ಎಳನೀರಿನವರು, ಚುರುಮುರಿ ಗಾಡಿಯವರು, ಹೋಟೆಲಿನವರು, ಆಟೋದವರು ಎಲ್ಲರ ಕೈಗೂ ಅವತ್ತು ನಾಲ್ಕು ಕಾಸು. ಬರುವ ಜನ ಬರೋದು ಹಕ್ಕಿ ನೋಡೋಕೆ. ಆ ಹಕ್ಕಿಗಳ ತಿಟ್ಟಿಗೆ ರಕ್ಷಣೆ ಕೊಡಿಸಿದ ಮನುಷ್ಯ ಚಿಕ್ಕಂದಿನಲ್ಲಿ ಏರ್‌ಗನ್ ಹಿಡಿದು ಗುಬ್ಬಿ ಹೊಡೀತಿದ್ದ ಅನ್ನೋದು ಎಷ್ಟು ಜನಕ್ಕೆ ಗೊತ್ತು?

ಸಲೀಂ ಅಲಿ ಹೆಸರು ಶಾಲಾ ಪುಸ್ತಕದಲ್ಲಿ ಓದಿರ್ತೀವಿ, ರಸಪ್ರಶ್ನೆಯಲ್ಲಿ ಉತ್ತರ ಹೇಳಿರ್ತೀವಿ. ಅವರ ಬದುಕಿನ ಜೊತೆಜೊತೆಗೇ ನಮ್ಮ ದೇಶದ ಬೇಟೆ ಕಾನೂನೂ ಬೆಳೆದು ಬಂದಿದೆ. ಸುಗ್ಗಿ ಮುಗಿದು ಗದ್ದೆ ಬಯಲಾದಾಗ ನಮ್ಮ ಕಡೆ ಯಾರಾದರೊಬ್ಬರು ಕೇಳೋ ಪ್ರಶ್ನೆ ಒಂದಿದೆ: ಒಂದು ಮೊಲ ಹೊಡೆದರೆ ಏನು ತಪ್ಪು? ನಾಲ್ಕು ಪುರ್ಲಿ ಹಕ್ಕಿ ಹಿಡಿದರೆ ಏನು ಹೋಯ್ತು? ಹಿಂದೆ ಸರ್ಕಾರವೇ ಲೈಸೆನ್ಸ್ ಕೊಡ್ತಿತ್ತಲ್ಲ? ಕೊಡ್ತಿದ್ದದ್ದು ನಿಜ. ಯಾಕೆ ಕೊಡ್ತಿತ್ತು, ಯಾಕೆ ನಿಲ್ಲಿಸಿತು ಅನ್ನೋದು ಈ ಮನುಷ್ಯನ ಕಥೆ ಓದಿದರೆ ಅರ್ಥ ಆಗುತ್ತೆ.

ತಬ್ಬಲಿ ಹುಡುಗ, ಶಿಕಾರಿ ಮಾವ

ಸಲೀಂ ಮೊಯಿಜುದ್ದೀನ್ ಅಬ್ದುಲ್ ಅಲಿ ಹುಟ್ಟಿದ್ದು 1896ರ ನವೆಂಬರ್ 12ರಂದು, ಬೊಂಬಾಯಿಯಲ್ಲಿ. ದೊಡ್ಡ ಸಂಸಾರದ ಕೊನೇ ಮಗು. ಒಂದು ವರ್ಷ ತುಂಬುವ ಹೊತ್ತಿಗೆ ತಂದೆ ಹೋದರು, ಮೂರು ವರ್ಷಕ್ಕೆ ತಾಯಿ ಹೋದರು. ಮಕ್ಕಳನ್ನು ಸಾಕಿದ್ದು ಸೋದರಮಾವ ಅಮೀರುದ್ದೀನ್ ತ್ಯಾಬ್ಜಿ ಮತ್ತು ಅವರ ಹೆಂಡತಿ ಹಮೀದಾ ಬೇಗಂ. ಅವರಿಗೆ ಸ್ವಂತ ಮಕ್ಕಳಿರಲಿಲ್ಲ. ಖೇತ್‌ವಾಡಿಯ ಆ ಮನೆ ತುಂಬಾ ಅಕ್ಕ, ತಂಗಿ, ಅಣ್ಣ, ತಮ್ಮ, ನೆಂಟರಿಷ್ಟರ ಮಕ್ಕಳು.

ಮಾವ ಒಳ್ಳೆ ಶಿಕಾರಿ. ಅವತ್ತಿನ ಕಾಲಕ್ಕೆ ಅದು ದೊಡ್ಡ ಮನೆಯವರ ಗತ್ತು. ಹುಲಿ, ಚಿರತೆಗೆ ಹೋಗುವವರು ಒಂದು ಕಡೆ, ಮೊಲ, ಗೌಜಲಕ್ಕಿ, ಪುರ್ಲಿ, ಕಾಡುಬಾತು, ಉಲ್ಲಂಕಿ ಹೊಡೆಯುವವರು ಇನ್ನೊಂದು ಕಡೆ. ಈ ಎರಡನೇದನ್ನೇ ಸಣ್ಣ ಬೇಟೆ ಅಂತಿದ್ದರು. ಮಾವ ಹುಡುಗನ ಕೈಗೆ ಒಂದು ಏರ್‌ಗನ್ ಕೊಟ್ಟರು. ಹುಡುಗನಿಗೆ ಸಿಕ್ಕ ಬೇಟೆ ಗುಬ್ಬಿ. ಹೊಡೆದು ತಂದ ಗುಬ್ಬಿಯನ್ನು ಅಡುಗೆಮನೆಯಲ್ಲಿ ಹುರಿದು ತಿನ್ನೋದೂ ಇತ್ತು. ಅದರಲ್ಲಿ ಆ ಕಾಲದ ಯಾರಿಗೂ ತಪ್ಪು ಕಾಣುತ್ತಿರಲಿಲ್ಲ.

ಆದರೆ ಆ ವಯಸ್ಸಿನಲ್ಲೂ ಹುಡುಗ ಬರೀ ಹೊಡೆದು ಸುಮ್ಮನಾಗಲಿಲ್ಲ. ಕುದುರೆ ಲಾಯದ ಗೋಡೆಯ ಗೂಡೊಂದರಲ್ಲಿ ಹೆಣ್ಣು ಗುಬ್ಬಿ ಮೊಟ್ಟೆಯ ಮೇಲೆ ಕೂತಿತ್ತು, ಗಂಡು ಹೊರಗೆ ಕಾವಲಿಗಿತ್ತು. ಗಂಡನ್ನು ಹೊಡೆದ. ಸ್ವಲ್ಪ ಹೊತ್ತಿಗೆ ಇನ್ನೊಂದು ಗಂಡು ಬಂದು ಅದೇ ಜಾಗದಲ್ಲಿ ಕೂತಿತು. ಅದನ್ನೂ ಹೊಡೆದ. ಹೀಗೆ ಏಳು ದಿನದಲ್ಲಿ ಎಂಟು ಗಂಡು ಗುಬ್ಬಿ ಹೊಡೆದ. ಪ್ರತಿ ಸಲವೂ ಹೊಸ ಗಂಡು ಬಂದು ಕಾವಲಿಗೆ ನಿಂತಿದ್ದನ್ನು ಹುಡುಗ ಬರೆದಿಟ್ಟುಕೊಂಡ. ಓದಿದರೆ ಇವತ್ತು ಕರುಳು ಚುರುಕ್ ಅನ್ನುತ್ತೆ. ಅವರೂ ದೊಡ್ಡವರಾದ ಮೇಲೆ ಅದನ್ನು ಮುಚ್ಚಿಡಲಿಲ್ಲ, ತಮ್ಮ ಆತ್ಮಕಥೆಯಲ್ಲೇ ಹಾಕಿದರು. ಅವರ ಹಕ್ಕಿ ಅಧ್ಯಯನದ ಮೊದಲ ಟಿಪ್ಪಣಿಗಳಲ್ಲಿ ಅದೂ ಒಂದು.

ಹಳದಿ ಕುತ್ತಿಗೆಯ ಗುಬ್ಬಿ

ಹತ್ತು ವರ್ಷದ ಆಸುಪಾಸಿನಲ್ಲಿ ಒಂದು ದಿನ ಹೊಡೆದ ಗುಬ್ಬಿ ವಿಚಿತ್ರವಾಗಿತ್ತು. ಗಂಟಲ ಮೇಲೆ ಹಳದಿ ಮಚ್ಚೆ. ತಿನ್ನಬಹುದೋ ಬಾರದೋ ಅಂತ ಅನುಮಾನ ಬಂದು ಹುಡುಗ ಮಾವನ ಹತ್ತಿರ ಓಡಿದ. ಮಾವನಿಗೂ ಗೊತ್ತಾಗಲಿಲ್ಲ. ಅವರು ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯ ಸದಸ್ಯರು. ಒಂದು ಪರಿಚಯ ಪತ್ರ ಬರೆದುಕೊಟ್ಟು ಅಲ್ಲಿಗೆ ಕಳಿಸಿದರು.

ಈ ಸೊಸೈಟಿ ಶುರುವಾಗಿದ್ದು 1883ರಲ್ಲಿ. ಅದರ ಸದಸ್ಯರಲ್ಲಿ ಶಿಕಾರಿಗಳೇ ತುಂಬಾ ಜನ. ಹೊಡೆದ ಪ್ರಾಣಿ, ಹಕ್ಕಿಗಳ ಬಗ್ಗೆ ಬರೆದು ಚರ್ಚೆ ಮಾಡ್ತಿದ್ದರು. ಗೌರವ ಕಾರ್ಯದರ್ಶಿ ಡಬ್ಲ್ಯು.ಎಸ್. ಮಿಲ್ಲಾರ್ಡ್ ಅನ್ನೋ ಇಂಗ್ಲಿಷರು. ದೊರೆ ಬೈದು ಕಳಿಸ್ತಾನೇನೋ ಅಂತ ಹುಡುಗ ಹೆದರಿಕೊಂಡೇ ಹೋದ. ಮಿಲ್ಲಾರ್ಡ್ ಬೈಯಲಿಲ್ಲ. ಅದು ಹಳದಿ ಗಂಟಲಿನ ಗುಬ್ಬಿ ಅಂತ ಹೇಳಿದರು, ಬೀರುಗಳನ್ನು ಒಂದೊಂದಾಗಿ ತೆಗೆದು ತುಂಬಿಸಿಟ್ಟ ಹಕ್ಕಿಗಳನ್ನೆಲ್ಲ ತೋರಿಸಿದರು, ಓದೋಕೆ ಪುಸ್ತಕ ಕೊಟ್ಟರು, ಚರ್ಮ ಸುಲಿದು ಹಕ್ಕಿ ಕೆಡದಂತೆ ಇಡುವುದನ್ನು ಕಲಿಸಲು ವ್ಯವಸ್ಥೆ ಮಾಡಿದರು. ಒಬ್ಬ ದೊಡ್ಡ ಮನುಷ್ಯ ಒಂದು ಮಧ್ಯಾಹ್ನ ಒಬ್ಬ ಹುಡುಗನಿಗೆ ಬಿಡುವು ಮಾಡಿಕೊಂಡಿದ್ದಕ್ಕೆ ದೇಶಕ್ಕೆ ಒಬ್ಬ ಪಕ್ಷಿ ವಿಜ್ಞಾನಿ ಸಿಕ್ಕಿದ.

ಅವತ್ತಿನ ಕಾನೂನು ಹೇಗಿತ್ತು?

ಸಲೀಂ ಹುಟ್ಟುವ ಮೊದಲೇ, 1887ರಲ್ಲಿ ಬ್ರಿಟಿಷರು ಕಾಡುಹಕ್ಕಿಗಳ ಬಗ್ಗೆ ಒಂದು ಕಾನೂನು ತಂದಿದ್ದರು. ಅದು ಮುಖ್ಯವಾಗಿ ಪಟ್ಟಣ ಮತ್ತು ದಂಡು ಪ್ರದೇಶಗಳಿಗೆ. ಮರಿ ಮಾಡುವ ಕಾಲದಲ್ಲಿ ಹೊಸದಾಗಿ ಕೊಂದ ಅಥವಾ ಹಿಡಿದ ಹಕ್ಕಿಯನ್ನು ಮಾರಬಾರದು, ಇಟ್ಟುಕೊಳ್ಳಬಾರದು ಅನ್ನೋದು ಅದರ ಸಾರ. 1912ರಲ್ಲಿ ಬಂದ ಕಾನೂನು ಇನ್ನೂ ಅಗಲ. ಬಾತು, ಕಾಡುಕೋಳಿ, ಗೌಜಲಕ್ಕಿ ಜಾತಿ, ನವಿಲು, ಪಾರಿವಾಳ, ಪುರ್ಲಿ, ಬಕ, ಬೆಳ್ಳಕ್ಕಿ, ಮಿಂಚುಳ್ಳಿ, ಜಿಂಕೆ, ಮೊಲ ಹೀಗೆ ಒಂದು ಪಟ್ಟಿ ಮಾಡಿ, ಪ್ರತಿ ಪ್ರಾಂತ್ಯದ ಸರ್ಕಾರವೂ ಇವಕ್ಕೆ ಬೇಟೆ ಬಂದ್ ಕಾಲ ಗೊತ್ತು ಮಾಡಬಹುದು ಅಂತ ಅಧಿಕಾರ ಕೊಟ್ಟಿತು. ಮೊದಲ ತಪ್ಪಿಗೆ 50 ರೂಪಾಯಿವರೆಗೆ ದಂಡ. ಮತ್ತೆ ಸಿಕ್ಕಿಬಿದ್ದರೆ ಒಂದು ತಿಂಗಳವರೆಗೆ ಜೈಲು ಅಥವಾ 100 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ.

ನಮ್ಮ ಮೈಸೂರು ಸಂಸ್ಥಾನ ಹಿಂದೆ ಬಿದ್ದಿರಲಿಲ್ಲ. 1901ರಲ್ಲೇ ಇಲ್ಲಿ ಬೇಟೆ ಪ್ರಾಣಿ ಮತ್ತು ಮೀನು ಸಂರಕ್ಷಣೆಗೆ ಪ್ರತ್ಯೇಕ ರೆಗ್ಯುಲೇಶನ್ ಬಂದಿತ್ತು.

ಬಂದ್ ಕಾಲ ಅಂದರೆ ಏನು? ಕರಾವಳಿಯಲ್ಲಿ ಮಳೆಗಾಲ ಬಂದಾಗ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯಲ್ಲ ಅಲ್ವಾ, ಹಂಗೇ ಇದು. ಮೀನು ಮೊಟ್ಟೆ ಇಡುವಾಗ ಬಲೆ ಹಾಕಿದರೆ ಮುಂದಿನ ವರ್ಷ ಬಲೆಗೆ ಏನೂ ಬೀಳಲ್ಲ. ಗೌಜಲಕ್ಕಿ ಮರಿ ಮಾಡುವಾಗ ತಾಯಿಯನ್ನು ಹೊಡೆದರೆ ಮರಿಗಳೂ ಸಾಯುತ್ತವೆ. ಕಾಡುಬಾತುಗಳ ಲೆಕ್ಕ ಬೇರೆ. ಅವುಗಳಲ್ಲಿ ಹೆಚ್ಚಿನವು ಚಳಿಗಾಲಕ್ಕೆ ಉತ್ತರದ ದೇಶಗಳಿಂದ ಬಂದು ಬೇಸಿಗೆಗೆ ವಾಪಸ್ ಹೋಗುವಂಥವು, ಆದ್ದರಿಂದ ಬಾತು ಶಿಕಾರಿ ನಡೆಯುತ್ತಿದ್ದದ್ದು ಚಳಿಗಾಲದಲ್ಲಿ. ಬೇಟೆಗಾರನಿಗೆ ಮುಂದಿನ ವರ್ಷವೂ ಬೇಟೆ ಸಿಗಬೇಕು ಅನ್ನೋದೇ ಈ ನಿಯಮಗಳ ಹಿಂದಿನ ಯೋಚನೆ. ಹಕ್ಕಿಗೂ ಬದುಕುವ ಹಕ್ಕಿದೆ ಅನ್ನೋ ಮಾತು ಆಗಿನ್ನೂ ಕಾನೂನಿನೊಳಗೆ ಬಂದಿರಲಿಲ್ಲ.

ಕಾಗದದ ಮೇಲೆ ನಿಯಮ ಚೆನ್ನಾಗಿತ್ತು. ಆದರೆ ರಾಜ, ವೈಸರಾಯ್ ಬಂದರೆ ಲೆಕ್ಕವೇ ಬೇರೆ. ಭರತಪುರದ ಕೆರೆಯಲ್ಲಿ 1938ರ ನವೆಂಬರ್ 12ರಂದು ವೈಸರಾಯ್ ಲಾರ್ಡ್ ಲಿನ್‌ಲಿಥ್‌ಗೋ ತಂಡ ಒಂದೇ ದಿನದಲ್ಲಿ ಹೊಡೆದ ಹಕ್ಕಿಗಳ ಸಂಖ್ಯೆ 4,273. ಕಲ್ಲಿನ ಮೇಲೆ ಕೆತ್ತಿಸಿದ ಆ ಲೆಕ್ಕ ಇವತ್ತೂ ಅಲ್ಲಿದೆ. ಅವತ್ತು ಸಲೀಂ ಅಲಿಗೆ 42 ತುಂಬಿದ ಹುಟ್ಟುಹಬ್ಬ ಅನ್ನೋದು ಕಾಕತಾಳೀಯ.

ಕೆಲಸ ಹೋದ ಮನುಷ್ಯ

ಸಲೀಂ ಅಲಿ ಓದಿನಲ್ಲಿ ಅಂಥ ಮುಂದೇನೂ ಇರಲಿಲ್ಲ. ಸೇಂಟ್ ಕ್ಸೇವಿಯರ್ ಕಾಲೇಜು ಸೇರಿದರು, ಅರ್ಧಕ್ಕೆ ಬಿಟ್ಟು ಬರ್ಮಾದ ತವೋಯ್‌ಗೆ ಹೋದರು. ಅಲ್ಲಿ ಮನೆಯವರ ವುಲ್‌ಫ್ರಾಂ ಗಣಿ ಮತ್ತು ಮರದ ವ್ಯಾಪಾರ ನೋಡಿಕೊಳ್ಳಬೇಕಿತ್ತು. ಮನಸ್ಸೆಲ್ಲ ಸುತ್ತಲ ಕಾಡಿನ ಮೇಲೆ. ವ್ಯಾಪಾರ ಕೈ ಹತ್ತಲಿಲ್ಲ. 1917ರಲ್ಲಿ ಬೊಂಬಾಯಿಗೆ ಬಂದು ಪ್ರಾಣಿಶಾಸ್ತ್ರ ಓದಿದರು. 1918ರ ಡಿಸೆಂಬರ್‌ನಲ್ಲಿ ತೆಹಮಿನಾ ಅವರನ್ನು ಮದುವೆಯಾದರು. ಯೂನಿವರ್ಸಿಟಿಯ ಡಿಗ್ರಿ ಇಲ್ಲ ಅನ್ನೋ ಕಾರಣಕ್ಕೆ ಕೆಲವು ಕೆಲಸ ತಪ್ಪಿದವು. 1926ರಲ್ಲಿ ಬೊಂಬಾಯಿ ಮ್ಯೂಸಿಯಂನಲ್ಲಿ ತಿಂಗಳಿಗೆ 350 ರೂಪಾಯಿ ಸಂಬಳದ ಗೈಡ್ ಲೆಕ್ಚರರ್ ಹುದ್ದೆ ಸಿಕ್ಕಿತು. ಎರಡು ವರ್ಷ ಕಳೆದು ರಜೆ ಹಾಕಿ ಜರ್ಮನಿಗೆ ಹೋದರು. ಬರ್ಲಿನ್‌ನಲ್ಲಿ ಪ್ರೊಫೆಸರ್ ಎರ್ವಿನ್ ಸ್ಟ್ರೆಸಮನ್ ಹತ್ತಿರ ಕಲಿತರು, ಹೆಲಿಗೊಲ್ಯಾಂಡ್ ದ್ವೀಪದಲ್ಲಿ ಹಕ್ಕಿ ಕಾಲಿಗೆ ಉಂಗುರ ತೊಡಿಸುವ ವಿದ್ಯೆ ನೋಡಿದರು.

1930ರಲ್ಲಿ ವಾಪಸ್ ಬಂದಾಗ ಹುದ್ದೆಯೇ ಇರಲಿಲ್ಲ. ದುಡ್ಡಿಲ್ಲ ಅಂತ ತೆಗೆದುಹಾಕಿದ್ದರು. ಕೈಯಲ್ಲಿ ಕೆಲಸ ಇಲ್ಲ. ಗಂಡ ಹೆಂಡತಿ ಬೊಂಬಾಯಿ ಬಿಟ್ಟು ಕಡಲ ದಂಡೆಯ ಕಿಹಿಂ ಹಳ್ಳಿಗೆ ಹೋಗಿ ಇದ್ದರು. ಅಲ್ಲಿ ಮನೆ ಹತ್ತಿರದ ಮರದಲ್ಲಿ ಗೀಜಗಗಳ ಗೂಡುಗಳು ತೂಗಾಡುತ್ತಿದ್ದವು. ದಿನವೂ ಕೂತು ನೋಡಿದರು. ಗಂಡು ಗೀಜಗ ಅರ್ಧ ಗೂಡು ಕಟ್ಟಿ ಹೆಣ್ಣಿಗೆ ತೋರಿಸುತ್ತೆ, ಹೆಣ್ಣು ಒಪ್ಪಿದರೆ ಗೂಡು ಪೂರಾ ಮಾಡುತ್ತೆ, ಅದು ಮೊಟ್ಟೆ ಇಟ್ಟು ಕೂತ ಮೇಲೆ ಗಂಡು ಇನ್ನೊಂದು ಗೂಡು ಶುರು ಮಾಡಿ ಇನ್ನೊಂದು ಹೆಣ್ಣನ್ನು ಕರೆಯುತ್ತೆ. ಇದನ್ನು ಲೋಕಕ್ಕೆ ಸರಿಯಾಗಿ ತಿಳಿಸಿದ್ದು ಕೆಲಸ ಕಳೆದುಕೊಂಡು ಹಳ್ಳಿಯಲ್ಲಿ ಕೂತಿದ್ದ ಈ ಮನುಷ್ಯ. ಏಳೆಂಟು ಗುಬ್ಬಿ ಹೊಡೆದು ಕಲಿತಿದ್ದ ಹುಡುಗ ಈಗ ಒಂದೂ ಗುಂಡು ಹಾರಿಸದೆ ಅದಕ್ಕಿಂತ ಹೆಚ್ಚು ಕಲಿತಿದ್ದ.

ಆಮೇಲೆ ಸಲೀಂ ಅಲಿ ಒಂದು ದಾರಿ ಹುಡುಕಿದರು. ಹಕ್ಕಿಗಳ ಸರ್ವೆ ಆಗದ ಸಂಸ್ಥಾನಗಳು ಬೇಕಾದಷ್ಟಿದ್ದವು. ನನಗೆ ಸಂಬಳ ಬೇಡ, ಓಡಾಟ ಮತ್ತು ಕ್ಯಾಂಪಿನ ಖರ್ಚು ಕೊಟ್ಟರೆ ಸಾಕು ಅನ್ನೋ ಲೆಕ್ಕದಲ್ಲಿ ಹೊರಟರು. ಹೈದರಾಬಾದ್, ತಿರುವಾಂಕೂರು, ಕೊಚ್ಚಿ ಹೀಗೆ ಒಂದಾದ ಮೇಲೊಂದು. ಗಾಡಿ, ಡೇರೆ, ಸಹಾಯಕರು, ಮತ್ತು ಜೊತೆಗೆ ಕ್ಯಾಂಪಿನ ವ್ಯವಸ್ಥೆ ಪೂರಾ ನೋಡಿಕೊಳ್ಳುವ ತೆಹಮಿನಾ. ಈ ಸರ್ವೆಗಳಲ್ಲೂ ಬಂದೂಕು ಇತ್ತು ಅನ್ನೋದನ್ನು ಮರೆಯಬಾರದು. ಆಗ ಈಗಿನಂಥ ಕ್ಯಾಮೆರಾ ಇರಲಿಲ್ಲ. ಯಾವ ಹಕ್ಕಿ ಎಲ್ಲಿತ್ತು ಅಂತ ಸಾಬೀತು ಮಾಡಬೇಕಾದರೆ ಮಾದರಿ ತೋರಿಸಬೇಕು. ಬೇಕಾದಷ್ಟನ್ನು ಹೊಡೆದು, ಚರ್ಮ ಸುಲಿದು, ಚೀಟಿ ಕಟ್ಟಿ ಇಟ್ಟರು. ಆ ಮಾದರಿಗಳು ಇವತ್ತೂ ಸಂಶೋಧಕರಿಗೆ ಬೇಕು.

ಮೈಸೂರಿಗೆ ಬಂದಾಗ

1939ರಲ್ಲಿ ತೆಹಮಿನಾ ಒಂದು ಸಣ್ಣ ಆಪರೇಷನ್ ನಂತರ ತೀರಿಕೊಂಡರು. ಸಲೀಂ ಅಲಿ ಕುಸಿದುಹೋದರು. ಮುಂದೆ ಮತ್ತೆ ಮದುವೆಯಾಗಲಿಲ್ಲ. ತಂಗಬೇಕಾದಾಗ ಬೊಂಬಾಯಿಯಲ್ಲಿ ಅಕ್ಕ ಕಮೂ ಅವರ ಮನೆ. ಉಳಿದಂತೆ ಊರೂರು ಅಲೆದಾಟ.

ಆ ದುಃಖದಲ್ಲೇ ಅವರು ಮೈಸೂರು ಸಂಸ್ಥಾನದ ಹಕ್ಕಿ ಸರ್ವೆಗೆ ಬಂದದ್ದು, 1939-40ರಲ್ಲಿ. ಇಲ್ಲಿನ ಬಯಲು, ಕೆರೆ, ಮಲೆನಾಡು ಸುತ್ತಿದರು. ಆ ಸರ್ವೆಯ ವರದಿ ಮುಂದೆ 1942-43ರಲ್ಲಿ ಸೊಸೈಟಿಯ ಪತ್ರಿಕೆಯಲ್ಲಿ ಕಂತುಕಂತಾಗಿ ಬಂತು.

ಶ್ರೀರಂಗಪಟ್ಟಣದ ಹತ್ತಿರ ಕಾವೇರಿಯ ನಡುವೆ ಅವರಿಗೆ ಕಂಡದ್ದು ಕೆಲವು ತಿಟ್ಟುಗಳು. ಇವು ತಾನಾಗೇ ಹುಟ್ಟಿದವಲ್ಲ. 1645ರಿಂದ 1648ರ ನಡುವೆ ಕಂಠೀರವ ನರಸರಾಜ ಒಡೆಯರ ಕಾಲದಲ್ಲಿ ಹೊಳೆಗೆ ಅಡ್ಡಲಾಗಿ ಕಟ್ಟೆ ಕಟ್ಟಿದಾಗ ನೀರು ನಿಂತು ಮೂಡಿದ ನಡುಗಡ್ಡೆಗಳು. ಗದ್ದೆಗೆ ನೀರು ಬೇಕು ಅಂತ ಕಟ್ಟಿದ ಕಟ್ಟೆ ಹಕ್ಕಿಗಳಿಗೆ ಮನೆ ಕೊಟ್ಟಿತ್ತು. ಸುತ್ತ ನೀರು, ಮೊಸಳೆ. ನರಿ, ಬೆಕ್ಕು ಈಜಿ ಬರಲ್ಲ. ಹೊಳೆಯಲ್ಲಿ ಮೀನು, ಗದ್ದೆಯಲ್ಲಿ ಏಡಿ, ಬಸವನಹುಳು, ಕಪ್ಪೆ. ಬಣ್ಣದ ಕೊಕ್ಕರೆ, ಬಾಯ್ಕಳಕ ಕೊಕ್ಕರೆ, ಚಮಚದ ಕೊಕ್ಕಿನವು, ಬೆಳ್ಳಕ್ಕಿ, ನೀರುಕಾಗೆ ಎಲ್ಲವೂ ಅಕ್ಕಪಕ್ಕದಲ್ಲೇ ಗೂಡು ಕಟ್ಟಿದ್ದವು.

ಇಲ್ಲಿ ಒಂದು ವಿಷಯ ಗಮನಿಸಬೇಕು. ಬಂದ್ ಕಾಲದ ಕಾನೂನು ಒಂದೊಂದು ಜಾತಿಗೆ ಒಂದೊಂದು ತಿಂಗಳು ಅಂತ ಹೇಳುತ್ತೆ. ಆದರೆ ಇಂಥ ತಿಟ್ಟಿನಲ್ಲಿ ಒಂದು ಜಾತಿ ಗೂಡು ಬಿಡುವ ಹೊತ್ತಿಗೆ ಇನ್ನೊಂದು ಜಾತಿ ಗೂಡು ಕಟ್ಟಲು ಶುರು ಮಾಡಿರುತ್ತೆ. ಚಳಿಗಾಲದ ಕೊನೆಯಿಂದ ಮಳೆಗಾಲ ಕಳೆಯುವವರೆಗೆ ಯಾವುದಾದರೂ ಒಂದು ಹಕ್ಕಿಯ ಮರಿ ಅಲ್ಲಿ ಇದ್ದೇ ಇರುತ್ತೆ. ಒಬ್ಬ ಬಂದು ಒಂದು ಗುಂಡು ಹಾರಿಸಿದರೆ ಹೊಡೆದ ಹಕ್ಕಿ ಒಂದು, ಹೆದರಿ ಗೂಡು ಬಿಟ್ಟು ಏಳುವ ಹಕ್ಕಿ ಸಾವಿರ. ತಾಯಿ ಎದ್ದ ಗೂಡಿನ ಮೊಟ್ಟೆ ಬಿಸಿಲಿಗೆ ಬೇಯುತ್ತೆ, ಇಲ್ಲವೇ ಕಾಗೆ ಪಾಲಾಗುತ್ತೆ. ಇಂಥ ಕಡೆ ತಿಂಗಳ ಲೆಕ್ಕ ಸಾಲದು, ಜಾಗವನ್ನೇ ಕಾಯಬೇಕು.

ಸಲೀಂ ಅಲಿ ಈ ಜಾಗದ ಬೆಲೆಯನ್ನು ಮೈಸೂರು ಅರಸರಿಗೆ ಮನವರಿಕೆ ಮಾಡಿಕೊಟ್ಟರು. ಅರಮನೆ ಒಪ್ಪಿತು. 1940ರಲ್ಲಿ ರಂಗನತಿಟ್ಟು ಪಕ್ಷಿಧಾಮ ಅಂತ ಘೋಷಣೆಯಾಯಿತು. ಸುಮಾರು 40 ಎಕರೆ. ನಮ್ಮಲ್ಲಿ ಒಬ್ಬೊಬ್ಬ ರೈತನ ತೋಟವೇ ಅಷ್ಟಿರುತ್ತೆ ಅನ್ನಬಹುದು. ಆದರೆ ಆ 40 ಎಕರೆ ಹೆಸರು 2022ರಲ್ಲಿ ರಾಮ್ಸರ್ ಪಟ್ಟಿ ಸೇರಿತು. ಅಂದರೆ ಜಗತ್ತಿನ ಮುಖ್ಯ ಜೌಗು ನೆಲಗಳಲ್ಲಿ ನಮ್ಮ ತಾಲ್ಲೂಕಿನದೂ ಒಂದು.

ಭರತಪುರದ ಪಾಠ

1941ರಲ್ಲಿ ಅವರ ಭಾರತದ ಹಕ್ಕಿಗಳ ಪುಸ್ತಕ ಬಂತು. ಬಣ್ಣದ ಚಿತ್ರ ನೋಡಿ ಹಕ್ಕಿ ಗುರುತಿಸಬಹುದಾದ ಪುಸ್ತಕ. ಅದು ಬಂದ ಮೇಲೆ ಹಕ್ಕಿ ನೋಡುವುದು ಸಾಮಾನ್ಯ ಜನರ ಹವ್ಯಾಸವೂ ಆಯಿತು. ಸ್ವಾತಂತ್ರ್ಯದ ನಂತರ ಅಮೆರಿಕದ ಡಿಲನ್ ರಿಪ್ಲೆ ಜೊತೆ ಸೇರಿ ಭಾರತ ಉಪಖಂಡದ ಹಕ್ಕಿಗಳ ಬಗ್ಗೆ ಹತ್ತು ಸಂಪುಟ ಬರೆದರು. 1968ರಲ್ಲಿ ಮೊದಲನೆಯದು, 1974ರಲ್ಲಿ ಕೊನೆಯದು. ಮೋಟರ್‌ಸೈಕಲ್ ಹುಚ್ಚು ಬೇರೆ. 1950ರಲ್ಲಿ ಸ್ವೀಡನ್ನಿನ ಪಕ್ಷಿ ವಿಜ್ಞಾನಿಗಳ ಸಮ್ಮೇಳನಕ್ಕೆ ಹೋಗುವಾಗ ತಮ್ಮ ಸನ್‌ಬೀಮ್ ಬೈಕನ್ನು ಹಡಗಿನಲ್ಲಿ ಹಾಕಿಸಿಕೊಂಡು ಹೋಗಿ ಯುರೋಪಿನ ರಸ್ತೆಗಳಲ್ಲಿ ಓಡಿಸಿದರು. ವಯಸ್ಸು ಆಗ 53.

ಕರ್ನಾಟಕದ ನಂಟು ಇನ್ನೊಂದು ರೀತಿಯಲ್ಲೂ ಬಂತು. 1957ರಲ್ಲಿ ಶಿವಮೊಗ್ಗ ಜಿಲ್ಲೆ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗನ ಕಾಯಿಲೆ ಕಾಣಿಸಿತು. ಅದರ ವೈರಸ್ಸು ರಷ್ಯಾ ಕಡೆಯ ಒಂದು ಕಾಯಿಲೆಯ ವೈರಸ್ಸನ್ನು ಹೋಲುತ್ತಿತ್ತು. ವಲಸೆ ಹಕ್ಕಿಗಳ ಮೈಮೇಲಿನ ಉಣ್ಣೆಗಳಿಂದ ಬಂದಿರಬಹುದೇ ಅಂತ ಅನುಮಾನ. ಪರೀಕ್ಷಿಸಲು ವಿಶ್ವ ಆರೋಗ್ಯ ಸಂಸ್ಥೆ ಹಣ ಕೊಟ್ಟಿತು. ಆ ಹಣದಲ್ಲಿ ಸಲೀಂ ಅಲಿ ಮತ್ತು ಸೊಸೈಟಿಯವರು ಸಾವಿರಾರು ಹಕ್ಕಿಗಳನ್ನು ಬಲೆಯಲ್ಲಿ ಹಿಡಿದು, ಕಾಲಿಗೆ ಉಂಗುರ ಹಾಕಿ ಬಿಟ್ಟರು. ಹಿಡಿದು ಬಿಡುವ ಬಲೆ ಇದು, ಹಿಡಿದು ಮಾರುವ ಬಲೆ ಅಲ್ಲ. ನಮ್ಮ ಕೆರೆಗೆ ಬರುವ ಬಾತು ಎಲ್ಲಿಂದ ಬರುತ್ತೆ ಅನ್ನೋದು ಇಂಥ ಉಂಗುರಗಳಿಂದಲೇ ಗೊತ್ತಾಗಿದ್ದು.

ಇನ್ನು ಭರತಪುರ. ಸ್ವಾತಂತ್ರ್ಯ ಬಂದ ಮೇಲೆ ಆ ಕೆರೆ ಬತ್ತಿಸಿ ಗದ್ದೆ ಮಾಡಬೇಕು ಅನ್ನೋ ಒತ್ತಾಯ ಎದ್ದಿತು. ರಾಜರ ಶಿಕಾರಿ ಜಾಗ ನಮಗ್ಯಾಕೆ ಅನ್ನೋದು ಜನರ ವಾದ, ಅದರಲ್ಲೂ ನ್ಯಾಯ ಇತ್ತು. ಸಲೀಂ ಅಲಿ ನೆಹರೂ ಅವರವರೆಗೆ ವಿಷಯ ತಲುಪಿಸಿ ಕೆರೆ ಉಳಿಸಿದರು. 1956ರಲ್ಲಿ ಅದು ಪಕ್ಷಿಧಾಮವಾಯಿತು. ವಿಚಿತ್ರ ಅಂದರೆ ಮಹಾರಾಜರ ಬೇಟೆಯ ಹಕ್ಕು ಹಾಗೇ ಉಳಿಯಿತು, 1972ರವರೆಗೂ. ಹೆಸರು ಪಕ್ಷಿಧಾಮ, ಒಳಗೆ ಬಂದೂಕು. ದೊಡ್ಡವರಿಗೊಂದು, ಬಡವರಿಗೊಂದು ಕಾನೂನು ಅಂತ ಜನ ಯಾಕೆ ಅಂತಾರೆ ಅನ್ನೋದಕ್ಕೆ ಇದಕ್ಕಿಂತ ಉದಾಹರಣೆ ಬೇಡ.

ಸಲೀಂ ಅಲಿ ತಪ್ಪನ್ನೇ ಮಾಡಲಿಲ್ಲ ಅಂತಲ್ಲ. ಭರತಪುರ ರಾಷ್ಟ್ರೀಯ ಉದ್ಯಾನವಾದಾಗ ಒಳಗೆ ಎಮ್ಮೆ, ದನ ಮೇಯಿಸುವುದನ್ನು ನಿಲ್ಲಿಸಬೇಕು ಅನ್ನೋದಕ್ಕೆ ಅವರ ಬೆಂಬಲವೂ ಇತ್ತು. 1982ರಲ್ಲಿ ನಿಷೇಧ ಬಂತು. ತಲೆಮಾರುಗಳಿಂದ ಮೇಯಿಸುತ್ತಿದ್ದ ಹಳ್ಳಿಗರು ತಿರುಗಿಬಿದ್ದರು, ಪೊಲೀಸ್ ಗೋಲಿಬಾರಿನಲ್ಲಿ ಹಲವರು ಸತ್ತರು. ಎಮ್ಮೆ ಹೋದ ಮೇಲೆ ನೀರಲ್ಲಿ ಹುಲ್ಲು, ಜೊಂಡು ತುಂಬಿಕೊಂಡಿತು, ಬಾತುಗಳಿಗೆ ಈಜಲು ತೆರೆದ ನೀರೇ ಇಲ್ಲದಂತಾಯಿತು. ಕೊನೆಗೆ ಅವರದೇ ಸೊಸೈಟಿ ವರ್ಷಗಟ್ಟಲೆ ನಡೆಸಿದ ಅಧ್ಯಯನ ಮೇವಿನ ನಿಷೇಧದಿಂದ ಹಕ್ಕಿಗಳಿಗೆ ನಷ್ಟವೇ ಆಯಿತು ಅಂತ ತೋರಿಸಿತು. ಹಕ್ಕಿ ಉಳಿಸುವ ನಿಯಮ ಮಾಡುವಾಗ ಪಕ್ಕದ ಊರಿನವರ ಅನುಭವ ಕೇಳದಿದ್ದರೆ ಏನಾಗುತ್ತೆ ಅನ್ನೋದಕ್ಕೆ ಇದು ಪಾಠ. ಹಂಗಂತ ನಿಯಮವೇ ಬೇಡ ಅನ್ನೋದಲ್ಲ.

ಲೈಸೆನ್ಸ್ ಕಾಲ ಮುಗಿದದ್ದು ಹೇಗೆ?

ನಮ್ಮ ರಾಜ್ಯದಲ್ಲಿ 1963ರಲ್ಲಿ ಕಾಡುಪ್ರಾಣಿ, ಹಕ್ಕಿಗಳ ರಕ್ಷಣೆಗೆ ಹೊಸ ಕಾಯ್ದೆ ಬಂತು. 1972ರಲ್ಲಿ ದೇಶಕ್ಕೇ ಒಂದು ವನ್ಯಜೀವಿ ಸಂರಕ್ಷಣಾ ಕಾಯ್ದೆ ಆಯಿತು. ಈ ಕಾಯ್ದೆ ಮೊದಲ ದಿನದಿಂದಲೇ ಬೇಟೆಯನ್ನು ಪೂರ್ತಿ ನಿಲ್ಲಿಸಿತು ಅಂತ ತುಂಬಾ ಜನ ತಿಳಿದಿದ್ದಾರೆ. ಹಾಗಲ್ಲ. ಅದರಲ್ಲಿ ದೊಡ್ಡ ಬೇಟೆ, ವಿಶೇಷ ಬೇಟೆ, ಸಣ್ಣ ಬೇಟೆ ಅಂತ ಬೇರೆ ಬೇರೆ ಪಟ್ಟಿ ಇತ್ತು, ಬೇರೆ ಬೇರೆ ಲೈಸೆನ್ಸ್ ಇತ್ತು. ಮೊಲ ಮತ್ತು ಹಲವು ಹಕ್ಕಿಗಳು ಸಣ್ಣ ಬೇಟೆಯ ಪಟ್ಟಿಯಲ್ಲಿದ್ದವು. ಬಂದ್ ಕಾಲದಲ್ಲಿ ಹೊಡೆಯಬಾರದು, ರಾತ್ರಿ ಹೊಡೆಯಬಾರದು, ಗಾಡಿಯಲ್ಲಿ ಅಟ್ಟಿಸಿಕೊಂಡು ಹೋಗಬಾರದು, ವಿಷ, ಸಿಡಿಮದ್ದು ಇಡಬಾರದು ಹೀಗೆ ಷರತ್ತುಗಳು. ಹಳಬರು ನೆನಪಿಸಿಕೊಳ್ಳುವ ಲೈಸೆನ್ಸ್ ಇದೇ.

ಆದರೆ ಷರತ್ತು ನೋಡುವವರು ಯಾರು? ಹೊಲದ ಬದುವಿನಲ್ಲಿ ಬೆಳಗಿನ ಜಾವ ಎಷ್ಟು ಹಕ್ಕಿ ಬಿದ್ದವು ಅಂತ ಎಣಿಸುವವರು ಯಾರು? ಹಿಂದೆ ಊರಿಗೊಂದು ಕೋವಿ ಇತ್ತು, ಸುತ್ತ ಕುರುಚಲು ಕಾಡಿತ್ತು, ಒಂದು ಹೊಡೆದರೆ ಹತ್ತು ಹುಟ್ಟುತ್ತಿದ್ದವು. ಆಮೇಲೆ ಕುರುಚಲು ಹೋಗಿ ಕಬ್ಬು ಬಂತು, ಬದುವಿಗೂ ಔಷಧಿ ಹೊಡೆದರು, ನೈಲಾನ್ ಬಲೆ ಬಂತು. ಹುಟ್ಟುವ ಲೆಕ್ಕವೇ ತಪ್ಪಿಹೋದ ಮೇಲೆ ಎಷ್ಟು ಹೊಡೆಯಬಹುದು ಅನ್ನೋ ಲೆಕ್ಕಕ್ಕೆ ಅರ್ಥ ಉಳಿಯಲಿಲ್ಲ.

1991ರ ತಿದ್ದುಪಡಿ ಬೇಟೆ ಲೈಸೆನ್ಸನ್ನೇ ತೆಗೆದುಹಾಕಿತು. ಸಣ್ಣ ಬೇಟೆಯ ಪಟ್ಟಿಯ ಪ್ರಾಣಿ, ಹಕ್ಕಿಗಳಿಗೂ ನಿಷೇಧ ಬಂತು. ಅಂದರೆ ಇವತ್ತು ನಮ್ಮಲ್ಲಿ ಬೇಟೆಗೆ ಸೀಸನ್ ಅನ್ನೋದೇ ಇಲ್ಲ. ವರ್ಷದ 365 ದಿನವೂ ಬಂದ್ ಕಾಲ. 2022ರ ತಿದ್ದುಪಡಿ 2023ರ ಏಪ್ರಿಲ್ 1ರಿಂದ ಜಾರಿಗೆ ಬಂದಿದೆ. ಕಾಗೆ, ಇಲಿ, ಬಾವಲಿಗಳನ್ನು ಪೀಡೆ ಅಂತ ಹಾಕಿದ್ದ ಹಳೇ ಪಟ್ಟಿಯೂ ಅದರಲ್ಲಿ ಹೋಯಿತು, ದಂಡದ ಮೊತ್ತ ಏರಿತು. ಸಾಮಾನ್ಯ ಅಪರಾಧಕ್ಕೆ ಮೂರು ವರ್ಷದವರೆಗೆ ಜೈಲು, ಒಂದು ಲಕ್ಷ ರೂಪಾಯಿವರೆಗೆ ದಂಡ. ಅತಿ ರಕ್ಷಿತ ಪ್ರಾಣಿಗಳಾದರೆ ಮೂರರಿಂದ ಏಳು ವರ್ಷ.

ಅಂಗಡಿಯವರು, ಹೋಟೆಲಿನವರು ಒಂದೆರಡು ಮಾತು ತಿಳಿದಿರಲಿ. ಕಾನೂನಿನಲ್ಲಿ ಬೇಟೆ ಅಂದರೆ ಗುಂಡು ಹಾರಿಸುವುದು ಮಾತ್ರ ಅಲ್ಲ. ಉರುಲು ಹಾಕುವುದು, ಬಲೆ ಒಡ್ಡುವುದು, ಅಟ್ಟಿ ಹಿಡಿಯುವುದು, ಹಕ್ಕಿ ಗೂಡು, ಮೊಟ್ಟೆಗೆ ಕೈ ಹಾಕುವುದು ಎಲ್ಲವೂ ಬೇಟೆಯೇ. ಏರ್‌ಗನ್ ಅಂಗಡಿಯಲ್ಲಿ ಸಿಕ್ಕಿತು ಅಂತ ಹಕ್ಕಿಗೆ ಗುರಿ ಇಟ್ಟರೆ ಅದೂ ಅಪರಾಧ. ಫಾರಂನಲ್ಲಿ ಸಾಕುವ ಜಪಾನಿ ಕ್ವೇಲ್ ಬೇರೆ, ಹೊಲದಲ್ಲಿ ಹಿಡಿದ ಪುರ್ಲಿ ಬೇರೆ. ಸಂತೆಯಲ್ಲಿ ಚೀಲದೊಳಗೆ ತಂದು ಪಿಸುಮಾತಿನಲ್ಲಿ ಮಾರುವ ಹಕ್ಕಿ ಯಾವುದು ಅಂತ ಮಾರುವವನಿಗೂ ಗೊತ್ತು, ಕೊಳ್ಳುವವನಿಗೂ ಗೊತ್ತು. ಪಂಜರದ ಕಾಡುಗಿಳಿಯೂ ಅಷ್ಟೇ.

ಕೊನೆಯ ದಿನಗಳು

ಗೌರವಗಳು ತಡವಾಗಿಯಾದರೂ ಬಂದವು. 1958ರಲ್ಲಿ ಪದ್ಮಭೂಷಣ, 1976ರಲ್ಲಿ ಪದ್ಮವಿಭೂಷಣ. ಅದೇ 1976ರಲ್ಲಿ ಬಂದ ಅಂತಾರಾಷ್ಟ್ರೀಯ ಗೆಟ್ಟಿ ಪ್ರಶಸ್ತಿಯ ಹಣವನ್ನು ಸೊಸೈಟಿಯ ಕೆಲಸಕ್ಕೇ ಕೊಟ್ಟರು. 1985ರಲ್ಲಿ ರಾಜ್ಯಸಭೆಗೆ ನಾಮಕರಣವಾಯಿತು. ಡಿಗ್ರಿ ಇಲ್ಲ ಅಂತ ಕೆಲಸ ಸಿಗದ ಮನುಷ್ಯನಿಗೆ ವಿಶ್ವವಿದ್ಯಾಲಯಗಳು ಕರೆದು ಡಾಕ್ಟರೇಟ್ ಕೊಟ್ಟವು. ಆತ್ಮಕಥೆಗೆ ಅವರು ಇಟ್ಟ ಹೆಸರಿನಲ್ಲೂ ಇದ್ದದ್ದು ಬಿದ್ದ ಆ ಗುಬ್ಬಿಯೇ.

1987ರಲ್ಲಿ, 90 ದಾಟಿದ ವಯಸ್ಸಿನಲ್ಲಿ, ಕ್ಯಾನ್ಸರ್‌ನಿಂದ ತೀರಿಕೊಂಡರು. ಸಣ್ಣ ಬೇಟೆಯ ಲೈಸೆನ್ಸ್ ಪೂರ್ತಿ ಬಂದ್ ಆಗಿದ್ದು ಅವರು ಹೋದ ನಾಲ್ಕು ವರ್ಷದ ಮೇಲೆ. ಶಿಕಾರಿಯ ಮೋಜು ತಮಗಿತ್ತು ಅನ್ನೋದನ್ನು ಅವರು ಯಾವತ್ತೂ ಅಲ್ಲಗಳೆಯಲಿಲ್ಲ, ಶಿಕಾರಿಗಳನ್ನು ಹಗೆ ಅಂತಲೂ ನೋಡಲಿಲ್ಲ. ಕಾಡು, ಹಕ್ಕಿಯ ಬಗ್ಗೆ ಹೆಚ್ಚು ತಿಳಿದವರು ಅವರೇ ಅನ್ನೋದು ಅವರಿಗೆ ಗೊತ್ತಿತ್ತು. ನಮ್ಮೂರಲ್ಲೂ ನೋಡಿ, ಯಾವ ಪೊದೆಯಲ್ಲಿ ಗೌಜಲಕ್ಕಿ ಮಲಗುತ್ತೆ, ಯಾವ ಬದುವಿನಲ್ಲಿ ಮೊಲದ ದಾರಿ ಇದೆ ಅಂತ ಸರಿಯಾಗಿ ಹೇಳುವವರು ಹಿಂದೆ ಉರುಲು ಹಾಕಿದವರೇ. ಆ ತಿಳಿವಳಿಕೆಯನ್ನು ಅವರು ಮಕ್ಕಳಿಗೆ ಹಕ್ಕಿ ತೋರಿಸಲು, ಬಂದ ಪ್ರವಾಸಿಗೆ ದಾರಿ ತೋರಿಸಲು ಬಳಸಿದರೆ ನಾಲ್ಕು ಕಾಸೂ ಆಗುತ್ತೆ, ಮರ್ಯಾದೆಯೂ ಉಳಿಯುತ್ತೆ.

ರಂಗನತಿಟ್ಟಿನ 40 ಎಕರೆಯಲ್ಲಿ ಗೂಡು ಕಟ್ಟುವ ಹಕ್ಕಿ ಮೇಯುವುದು ಆ 40 ಎಕರೆಯಲ್ಲಿ ಅಲ್ಲ. ನಮ್ಮ ನಿಮ್ಮ ಗದ್ದೆ, ಕೆರೆ, ನಾಲೆಗಳಲ್ಲಿ. ಬೇಲಿಯೊಳಗೆ ಅರಣ್ಯ ಇಲಾಖೆ ಕಾಯುತ್ತೆ. ಬೇಲಿ ಹೊರಗೆ ಕಾಯುವವರು ನಾವೇ. ಗದ್ದೆ ಬಯಲಲ್ಲಿ ಬಲೆ ಕಟ್ಟಿದ್ದು ಕಂಡರೆ ಅರಣ್ಯ ಇಲಾಖೆಯವರಿಗೆ ಒಂದು ಫೋನ್ ಮಾಡಿ. ಮನೆಯ ಹುಡುಗ ಏರ್‌ಗನ್ ಬೇಕು ಅಂತ ಹಟ ಮಾಡಿದರೆ ಬೈಯಬೇಡಿ. ಒಂದು ಭಾನುವಾರ ರಂಗನತಿಟ್ಟಿಗೆ ಕರೆದುಕೊಂಡು ಹೋಗಿ ದೋಣಿ ಹತ್ತಿಸಿ. ಮಿಲ್ಲಾರ್ಡ್ ದೊರೆ ಮಾಡಿದ್ದೂ ಅಷ್ಟೇ.